ಅಮ್ಮನ ಕುರ್ಚಿಗೆ ಹೊಂದಿದ ಏಣಿಯಾಟ: ಪಿವಿಸಿ ಪೈಪಿನಿಂದ ಕಟ್ಟಿದ ಹಿತ್ತಲ ಆಟವೊಂದರ ಪ್ರಕರಣ ಅಧ್ಯಯನ

ಅಣ್ಣನ ಮಕ್ಕಳು ಜೂನ್ ಎರಡನೆಯ ವಾರ ಒಹಾಯೋದಿಂದ ಮಂಡ್ಯಕ್ಕೆ ಬಂದರು. ಅವರು ಬರುವ ಮೊದಲೇ ಅಮ್ಮ ಪಡಸಾಲೆಯ ನೆಲದಲ್ಲಿ ಚೌಕಾಬಾರದ ಮನೆ ಬರೆಸಿದ್ದಳು. ಸೀಮೆಸುಣ್ಣ ಹಿಡಿದು ಬರೆದವಳು ನಾನು. ಹುಣಸೆ ಬೀಜಗಳನ್ನು ಒಂದು ಮಗ್ಗುಲು ಕಲ್ಲಿಗೆ ಉಜ್ಜಿ ಬಿಳಿ ಮಾಡಿ ಇಟ್ಟವಳು ಅವಳು. ಎರಡು ವರ್ಷದ ಹಿಂದೆ ಮಂಡಿಯ ಶಸ್ತ್ರಚಿಕಿತ್ಸೆ ಆದ ಮೇಲೆ ಅಮ್ಮ ನೆಲದ ಮೇಲೆ ಕೂತಿಲ್ಲ. ಕುರ್ಚಿಯಲ್ಲಿ ಕೂತೇ ಆಡಿಸುತ್ತೇನೆ ಎಂಬ ಧೈರ್ಯ ಅವಳಿಗಿತ್ತು.

ಆಟ ಕಾಲು ಗಂಟೆಯೂ ನಡೆಯಲಿಲ್ಲ. ಮೇಲಿನಿಂದ ಬೀಜ ಉದುರಿಸಿದರೆ ಅವು ಮಂಚದ ಕೆಳಗೆ ಹಾರುತ್ತಿದ್ದವು. ಕಾಯಿ ನಡೆಸಲು ಪ್ರತಿ ಸಲವೂ ಮಕ್ಕಳಿಗೆ ಹೇಳಬೇಕು, ಯಾವ ಮನೆ ಎಂದು ಬಗ್ಗಿ ತೋರಿಸಲು ಹೋದರೆ ಮಂಡಿ ಹಿಡಿಯುತ್ತದೆ. ಹನ್ನೊಂದು ವರ್ಷದ ಹುಡುಗ ಮರ್ಯಾದೆಯಿಂದ ಕೂತಿದ್ದ, ಏಳು ವರ್ಷದ ತಂಗಿ ಎದ್ದು ಹಿತ್ತಲಿಗೆ ಓಡಿದಳು. ಅಮ್ಮ ಬೀಜಗಳನ್ನು ಡಬ್ಬಿಗೆ ತುಂಬಿ ಮುಚ್ಚಳ ಹಾಕಿದ ಶಬ್ದ ನನಗೆ ಈಗಲೂ ಕೇಳಿಸುತ್ತದೆ.

ಆ ರಾತ್ರಿ ಊಟದ ಹೊತ್ತಿಗೆ ಹುಡುಗ ತನ್ನ ಊರಿನ ಆಟವೊಂದನ್ನು ಬಣ್ಣಿಸಿದ. ಮೂರು ಮೆಟ್ಟಿಲಿನ ಏಣಿ, ಹಗ್ಗದ ಎರಡು ತುದಿಗೆ ಎರಡು ಚೆಂಡು, ದೂರದಿಂದ ಎಸೆದರೆ ಹಗ್ಗ ಮೆಟ್ಟಿಲಿಗೆ ಸುತ್ತಿಕೊಂಡು ನೇತಾಡಬೇಕು. 'ಲ್ಯಾಡರ್ ಬಾಲ್' ಎಂದ. 'ಅಜ್ಜಿ ಕೂತುಕೊಂಡೂ ಆಡಬಹುದು' ಎಂದು ಸೇರಿಸಿದ. ಈ ಪ್ರಕರಣ ಹುಟ್ಟಿದ್ದು ಆ ಮಾತಿನಿಂದ. ನಾನು ಪ್ರೌಢಶಾಲೆಯಲ್ಲಿ ವಿಜ್ಞಾನ ಕಲಿಸುವವಳು, ಬರೆದಿಟ್ಟುಕೊಳ್ಳುವ ಅಭ್ಯಾಸವಿದೆ. ಮುಂದೆ ಹೇಳುವ ಅಳತೆಗಳೆಲ್ಲ ಆ ತಿಂಗಳ ನನ್ನ ನೋಟ್ ಪುಸ್ತಕದಲ್ಲಿ ಇರುವಂಥವು.

ಆಟದ ಮೂಲ

ಅಮೆರಿಕದಲ್ಲಿ ಬಿಡಾರ ಹೂಡಿ ರಜೆ ಕಳೆಯುವ ತಾಣಗಳಲ್ಲಿ 1990ರ ದಶಕದಲ್ಲಿ ಹಬ್ಬಿದ ಆಟ ಇದು. ಪೆನ್ಸಿಲ್ವೇನಿಯಾದ ರಾಬರ್ಟ್ ರೀಡ್ ಎಂಬವರು ಮುಂದೆ ಇದಕ್ಕೆ ಪೇಟೆಂಟ್ ಪಡೆದರು. ಅಂಗಡಿಯಲ್ಲಿ ಸಿದ್ಧ ಸೆಟ್ ಸಿಗುತ್ತದಾದರೂ ಅಲ್ಲಿ ಅನೇಕ ಮನೆಗಳಲ್ಲಿ ಇದನ್ನು ನೀರಿನ ಪೈಪಿನಿಂದಲೇ ಕಟ್ಟಿಕೊಳ್ಳುತ್ತಾರೆ. ನಿಯಮ ಸರಳ. ಮೇಲಿನ ಮೆಟ್ಟಿಲಿಗೆ 3, ನಡುವಿನದಕ್ಕೆ 2, ಕೆಳಗಿನದಕ್ಕೆ 1 ಅಂಕ. ಒಬ್ಬೊಬ್ಬರಿಗೆ ಮೂರು ಎಸೆತ. ಮೆಟ್ಟಿಲುಗಳ ನಡುವೆ 13 ಅಂಗುಲ, ಚೆಂಡುಗಳ ನಡುವಿನ ಹಗ್ಗವೂ 13 ಅಂಗುಲ, ಎಸೆಯುವ ದೂರ 15 ಅಡಿ. ಸರಿಯಾಗಿ 21 ಮುಟ್ಟಿದವರು ಗೆದ್ದಂತೆ. ಹೆಚ್ಚಾದರೆ ಆ ಸುತ್ತಿನ ಅಂಕ ಸೇರುವುದಿಲ್ಲ.

ಹಗ್ಗಕ್ಕೆ ಕಟ್ಟಿದ ಚೆಂಡಿನ ಜೋಡಿಗೆ ಅಲ್ಲಿ 'ಬೋಲಾ' ಎನ್ನುತ್ತಾರೆ. ಹೆಸರು ಬಂದದ್ದು ದಕ್ಷಿಣ ಅಮೆರಿಕದಿಂದ. ಅರ್ಜೆಂಟೀನಾದ ಬಯಲುಗಳಲ್ಲಿ ಮೂಲನಿವಾಸಿಗಳೂ ಆಮೇಲೆ ಗಾಚೊ ದನಗಾಹಿಗಳೂ ಹಗ್ಗದ ತುದಿಗೆ ಕಲ್ಲು ಕಟ್ಟಿ, ಓಡುವ ಪ್ರಾಣಿಯ ಕಾಲಿಗೆ ಬೀಸಿ ಕೆಡವುತ್ತಿದ್ದರು. ಹಗ್ಗದ ನಡುಭಾಗ ಅಡ್ಡಿಗೆ ತಗಲಿದರೂ ತುದಿಯ ಭಾರ ಮುಂದಕ್ಕೆ ಹೋಗುತ್ತಲೇ ಇರುತ್ತದೆ. ಹಗ್ಗ ಹಿಡಿದಿರುವುದರಿಂದ ನೇರ ಹೋಗಲಾರದೆ ಸುತ್ತುತ್ತದೆ. ಸುತ್ತಿದಷ್ಟೂ ಹಗ್ಗ ಗಿಡ್ಡವಾಗುತ್ತದೆ, ಗಿಡ್ಡವಾದಷ್ಟೂ ಸುತ್ತು ಬೇಗ ಬೇಗ ಬೀಳುತ್ತದೆ. ಬೇಟೆಯಲ್ಲಿ ಹಸುವಿನ ಕಾಲಿಗೆ ಆಗುತ್ತಿದ್ದುದು ಇಲ್ಲಿ ಪೈಪಿಗೆ ಆಗುತ್ತದೆ.

ಅಂಗಡಿಯಲ್ಲಿ ಆದ ತಪ್ಪು

ಮೊದಲು ನಕ್ಷೆ ಬರೆದೆ. ಒಂದು ಏಣಿಗೆ 60 ಸೆಂಟಿಮೀಟರಿನ ಮೂರು ಮೆಟ್ಟಿಲು, ನಿಲುಗಾಲುಗಳಿಗೆ 30 ಸೆಂಟಿಮೀಟರಿನ ಆರು ತುಂಡು, ನೆಲದ ಮೇಲೆ ಮಲಗುವ ಆಯಾಕಾರದ ಪಾದಕ್ಕೆ 30ರ ನಾಲ್ಕು ಮತ್ತು 60ರ ಎರಡು. ಕೂಡಿದರೆ ಸರಿಯಾಗಿ 6 ಮೀಟರ್. ನಮ್ಮಲ್ಲಿ ಪೈಪು ಬರುವುದೂ 6 ಮೀಟರ್ ಉದ್ದಕ್ಕೆ. ಒಂದು ಪೈಪಿಗೆ ಒಂದು ಏಣಿ ಎಂದು ಲೆಕ್ಕ ಕೂಡಿಬಂದಾಗ ತುಂಬ ಸಂತೋಷವಾಯಿತು. ಪ್ರತಿ ಏಣಿಗೆ ಆರು ಟೀ (ಮೂರು ಪೈಪು ಕೂಡಿಸುವ T ಆಕಾರದ ತುಂಡು), ಆರು ಎಲ್ಬೋ (ಮೂಲೆಗೆ ಹಾಕುವ ಬಾಗಿದ ತುಂಡು). ಕಟ್ಟಬೇಕಿದ್ದದ್ದು ಎರಡು ಏಣಿ, ಎರಡಕ್ಕೆ ಹನ್ನೆರಡು ಹನ್ನೆರಡು.

ಪೈಪನ್ನು ಒಂದು ಅಂಗಡಿಯಲ್ಲಿ ಕೊಂಡೆ. ಗದ್ದೆ ತೋಟಗಳಿಗೆ ಹಾಕುವ ಬೂದು ಬಣ್ಣದ್ದು, 25 ಮಿಲಿಮೀಟರ್. ಅಲ್ಲಿ ಟೀಗಳು ಸಾಲದೆ ಬಂದಾಗ ಟೀ ಎಲ್ಬೋ ಎಲ್ಲವನ್ನೂ ಮತ್ತೊಂದು ಅಂಗಡಿಯಲ್ಲಿ 'ಮುಕ್ಕಾಲು ಇಂಚು' ಎಂದು ಕೇಳಿ ತಂದೆ. 25 ಮಿಲಿಮೀಟರ್ ಎಂದರೂ ಮುಕ್ಕಾಲು ಇಂಚು ಎಂದರೂ ಒಂದೇ ಎಂದು ನಮ್ಮ ಊರಿನಲ್ಲಿ ಮಾತಿನಲ್ಲಿ ನಡೆಯುತ್ತದೆ. ಮನೆಗೆ ಬಂದು ಜೋಡಿಸಿದರೆ ಪೈಪು ಟೀಯೊಳಗೆ ಲೊಡಲೊಡ ಎನ್ನುತ್ತಿತ್ತು.

ಪೈಪು ಕೊಳ್ಳುವ ಎಲ್ಲರಿಗೂ ಉಪಯೋಗವಾಗುವ ವಿಷಯ ಇದಾದ್ದರಿಂದ ಬಿಡಿಸಿ ಹೇಳುತ್ತೇನೆ. ನಮ್ಮಲ್ಲಿ ಎರಡು ಅಳತೆಯ ಪದ್ಧತಿ ಅಕ್ಕಪಕ್ಕದಲ್ಲೇ ಮಾರಾಟವಾಗುತ್ತದೆ. ಐಎಸ್ 4985 ಎಂಬ ಭಾರತೀಯ ಮಾನಕದ ಪೈಪಿಗೆ ಹೊರ ವ್ಯಾಸವೇ ಹೆಸರು, 25 ಎಂದರೆ ಹೊರಗಿನಿಂದ 25 ಮಿಲಿಮೀಟರ್. ಮನೆಯೊಳಗಿನ ಕೊಳಾಯಿ ಕೆಲಸಕ್ಕೆ ಬರುವ ಬಿಳಿ ಪೈಪು ಅಮೆರಿಕದ ಅಂಗುಲದ ಪದ್ಧತಿಯದು. ಅದರಲ್ಲಿ 'ಮುಕ್ಕಾಲು ಇಂಚು' ಬರಿಯ ಹೆಸರು, ಹೊರ ವ್ಯಾಸ 26.7 ಮಿಲಿಮೀಟರ್. ಒಂದಕ್ಕೆ ಮಾಡಿದ ಟೀ ಮತ್ತೊಂದಕ್ಕೆ ಹೋದರೆ ವ್ಯಾಸದಲ್ಲಿ ಹೆಚ್ಚುಕಡಿಮೆ ಒಂದೂಮುಕ್ಕಾಲು ಮಿಲಿಮೀಟರ್ ಸಡಿಲ. ಅರ್ಧ ಇಂಚಿನಲ್ಲೂ ಇದೇ ಕತೆ: 21.3ಕ್ಕೆ 20. ಟೇಪು ಸುತ್ತಿ ತುಂಬಿಸೋಣ ಎಂದು ನಾನು ಹೊರಟಿದ್ದೆ. ನಮ್ಮ ಬೀದಿಯ ಕೊಳಾಯಿ ಕೆಲಸದವರು ನೋಡಿ, ಟೇಪು ತಿರುಪಿನ ಸಂದಿಗೆ ಮಾತ್ರ, ಇಂಥ ಕೂಡುವಿಕೆಗೆ ಎಂದೂ ಅಲ್ಲ ಎಂದರು. ಟೀ ಎಲ್ಬೋಗಳನ್ನು ಬದಲಾಯಿಸಿಕೊಂಡು ಬಂದೆ. ಅಂಗಡಿಗೆ ಹೋಗುವಾಗ ಪೈಪಿನ ಒಂದು ತುಂಡನ್ನು ಕೈಯಲ್ಲಿ ಹಿಡಿದು ಹೋಗಬೇಕು, ಅಲ್ಲೇ ತುರುಕಿ ನೋಡಬೇಕು.

ಕೊಯ್ತ

ಆರು ಮೀಟರಿನ ಆ ಚೆಂದದ ಲೆಕ್ಕ ಗರಗಸದ ಬಾಯಿಗೆ ಸಿಕ್ಕಿ ಕೆಟ್ಟಿತು. ಹದಿನೈದು ತುಂಡಿಗೆ ಹದಿನಾಲ್ಕು ಕೊಯ್ತ. ಹ್ಯಾಕ್ಸಾ ಅಲಗು ಪ್ರತಿ ಸಲವೂ ಹತ್ತಿರ ಹತ್ತಿರ ಎರಡು ಮಿಲಿಮೀಟರ್ ಪುಡಿ ಮಾಡುತ್ತದೆ. ಕೊನೆಯ ತುಂಡು ಮೂರು ಸೆಂಟಿಮೀಟರ್ ಗಿಡ್ಡ ಬಂತು. ಎರಡನೆಯ ಏಣಿಗೆ ಪಾದದ ನಾಲ್ಕು ಕಿರುತುಂಡುಗಳನ್ನು 29ಕ್ಕೆ ಇಳಿಸಿದೆ. ನಿಲುಗಾಲುಗಳ 30 ಮಾತ್ರ ಮುಟ್ಟಲಿಲ್ಲ, ಕಾರಣವಿದೆ. ಟೀಯ ಒಳಗೆ ಪೈಪು ನಡುಮಧ್ಯದವರೆಗೆ ಹೋಗದೆ, ಸುಮಾರು ಒಂದೂವರೆ ಸೆಂಟಿಮೀಟರ್ ಮೊದಲೇ ಒಂದು ಅಂಚಿಗೆ ತಾಗಿ ನಿಲ್ಲುತ್ತದೆ. ಎರಡೂ ಕಡೆಯ ಆ ಉಳಿಕೆ ಸೇರಿ 30ರ ತುಂಡು ಮೆಟ್ಟಿಲಿನಿಂದ ಮೆಟ್ಟಿಲಿಗೆ 33 ಸೆಂಟಿಮೀಟರ್ ಅಂತರ ಕೊಡುತ್ತದೆ. ಅದೇ 13 ಅಂಗುಲ. ಒಟ್ಟು ಎತ್ತರ ಒಂದು ಮೀಟರ್.

ಕೊಯ್ದ ಬಾಯಿಗಳನ್ನು ಅರದಿಂದ ಉಜ್ಜಿ ನಯ ಮಾಡುವ ಕೆಲಸ ಹುಡುಗನದು. ತುಂಡುಗಳಿಗೆ ಸ್ಕೆಚ್ ಪೆನ್ನಿನಲ್ಲಿ ಕನ್ನಡದ ಅಂಕಿ ಬರೆಯುವ ಕೆಲಸ ಹುಡುಗಿಯದು. ಒಂದರಿಂದ ಹದಿನೈದರವರೆಗೆ ಅಮ್ಮ ಕೈ ಹಿಡಿದು ಬರೆಸಿದಳು. ಆರಕ್ಕೂ ಒಂಬತ್ತಕ್ಕೂ ಬಾಲ ಯಾವ ಕಡೆಗೆ ಎಂಬ ಜಗಳದಲ್ಲಿ ಒಂದು ಸಂಜೆ ಕಳೆಯಿತು.

ಬಿದ್ದ ಏಣಿ, ಸೊಟ್ಟ ಪಾದ

ಕೊಡತಿಯಿಂದ ಮೆಲ್ಲಗೆ ಹೊಡೆದು ಎಲ್ಲವನ್ನೂ ಒಣದಾಗಿ ಕೂಡಿಸಿದೆವು. ನಿಂತ ಏಣಿ ನೋಡಲು ಚೆನ್ನಾಗಿತ್ತು. ಜೂನ್ ತಿಂಗಳಿನಲ್ಲಿ ನಮ್ಮ ಕಡೆ ಮಳೆಗಿಂತ ಗಾಳಿ ಜಾಸ್ತಿ. ಕಬ್ಬಿನ ಗದ್ದೆಗಳ ಮೇಲಿಂದ ಬೀಸಿದ ಮೊದಲ ಗಾಳಿಗೇ ಏಣಿ ಅಡ್ಡಬಿತ್ತು. ನಿಲ್ಲಿಸಿ ಚೆಂಡು ಎಸೆದರೆ ಮತ್ತೆ ಬಿತ್ತು. ಒಂದು ಬೆರಳಿನಲ್ಲಿ ಎತ್ತಬಹುದಾದಷ್ಟು ಹಗುರವಾದ ವಸ್ತು ಅದು. ಕಟ್ಟುವವನಿಗೆ ಹಗುರ ಇದ್ದದ್ದು ಆಡುವವನಿಗೆ ಶತ್ರುವಾಗಿತ್ತು.

ಪಾದದಲ್ಲಿ ಮರಳು ತುಂಬುವುದು ತಮ್ಮಲ್ಲಿ ವಾಡಿಕೆ ಎಂದು ಅಣ್ಣ ಫೋನಿನಲ್ಲಿ ಹೇಳಿದ. ಮರಳು ನಿಲ್ಲಬೇಕಾದರೆ ಪಾದದ ಕೂಡುವಿಕೆಗಳನ್ನು ಸಾಲ್ವೆಂಟ್ ಸಿಮೆಂಟ್ ಹಚ್ಚಿ ಶಾಶ್ವತ ಮಾಡಬೇಕು. ಅದು ಅಂಟಿನಂತೆ ನಡುವೆ ಕೂರುವುದಿಲ್ಲ, ಎರಡೂ ಮೈಯ ಪ್ಲಾಸ್ಟಿಕ್ಕನ್ನು ಮೆತ್ತಗೆ ಮಾಡಿ ಒಂದಾಗಿ ಬೆಸೆಯುತ್ತದೆ. ಹಚ್ಚಿ, ತುರುಕಿ, ಕಾಲು ತಿರುವು ತಿರುಗಿಸಿ, ಅರ್ಧ ನಿಮಿಷ ಒತ್ತಿ ಹಿಡಿದರೆ ಮುಗಿಯಿತು. ಆಮೇಲೆ ತಿದ್ದಲು ಸಮಯವಿಲ್ಲ. ವಾಸನೆ ತಲೆಗೆ ಹತ್ತುವಂಥದು, ಬಯಲಿನಲ್ಲೇ ಮಾಡಬೇಕು, ಮಕ್ಕಳನ್ನು ದೂರ ಇಡಬೇಕು.

ನಾನು ಮೊದಲ ಪಾದವನ್ನು ಕೈಯಲ್ಲಿ ಹಿಡಿದು ಒಂದೊಂದೇ ಮೂಲೆಯಾಗಿ ಬೆಸೆದೆ. ನೆಲಕ್ಕಿಟ್ಟರೆ ಒಂದು ಮೂಲೆ ಎದ್ದು ನಿಂತಿತ್ತು. ಕೆಟ್ಟ ಮಣೆಯ ಹಾಗೆ ಆಚೆ ಈಚೆ ಕುಟ್ಟುತ್ತಿತ್ತು. ಆ ಮೂಲೆಯ ಎಲ್ಬೋವನ್ನು ಕೊಯ್ದು ತೆಗೆದು, ಹೊಸದು ಕೊಂಡು, ಎದುರು ಬದಿಯನ್ನೂ ಅಷ್ಟೇ ಕಡಿಮೆ ಮಾಡಿ ಮತ್ತೆ ಬೆಸೆಯಬೇಕಾಯಿತು. ಎರಡನೆಯದಕ್ಕೆ ಜಾಣತನ ಬಂದಿತ್ತು: ಮೊದಲು ಒಣದಾಗಿ ಜೋಡಿಸಿ, ಬಟ್ಟೆ ಒಗೆಯುವ ಚಪ್ಪಡಿಯ ಮೇಲೆ ಸಮವಾಗಿ ಕೂರುವ ಹಾಗೆ ಮಾಡಿ, ಪ್ರತಿ ಕೂಡುವಿಕೆಯ ಮೇಲೂ ಪೈಪಿನಿಂದ ಎಲ್ಬೋಗೆ ಹಾಯುವ ಒಂದು ಗೆರೆ ಎಳೆದೆ. ಬೆಸೆಯುವಾಗ ಗೆರೆಗೆ ಗೆರೆ ಕೂಡಿದರೆ ಸಾಕು, ಚಪ್ಪಡಿಯ ಮೇಲಿಟ್ಟೇ ಒತ್ತಬೇಕು.

ಟೀಯ ಮೇಲ್ಬಾಯಿಗೆ ಕಾಗದದ ಆಲಿಕೆ ಇಟ್ಟು, ತಾರಸಿಯಲ್ಲಿ ಎರಡು ದಿನ ಒಣಗಿಸಿದ ಎಂ-ಸ್ಯಾಂಡ್ ಸುರಿದೆವು. ಹುಡುಗಿ ಚಮಚದಿಂದ ಪೈಪು ತಟ್ಟುತ್ತಿದ್ದಳು, ತಟ್ಟಿದಷ್ಟೂ ಮರಳು ಕೆಳಗಿಳಿಯುತ್ತಿತ್ತು. ಒಂದು ಪಾದಕ್ಕೆ ಒಂದೂಕಾಲು ಕಿಲೋ ಹಿಡಿಯಿತು. ಬಾಯಿಗೆ ಬಟ್ಟೆಯ ಉಂಡೆ ತುರುಕಿ ಅದರ ಮೇಲೆ ನಿಲುಗಾಲು ಕೂರಿಸಿದೆವು. ಆ ಮೇಲೆ ಗಾಳಿಗೆ ಏಣಿ ಬೀಳಲಿಲ್ಲ.

ಮೇಲಿನ ಭಾಗವನ್ನು ಬೆಸೆಯುವುದೋ ಬೇಡವೋ ಎಂದು ನನ್ನಲ್ಲೂ ಅಣ್ಣನಲ್ಲೂ ಮಾತಿಗೆ ಮಾತಾಯಿತು. ಬೆಸೆದರೆ ಗಟ್ಟಿ ಎಂದು ಅವನು. ಅಮ್ಮನಿಗೆ ಯಾವ ಎತ್ತರ ಹೊಂದುತ್ತದೆ ಎಂದು ಇನ್ನೂ ಗೊತ್ತಿಲ್ಲ, ಬಿಚ್ಚಿ ಬದಲಿಸುವ ಹಾಗಿರಬೇಕು ಎಂದು ನಾನು. ಕೊನೆಗೆ ತುದಿಗಳಿಗೆ ಮೇಣದ ಬತ್ತಿ ಉಜ್ಜಿ ಒಣದಾಗಿ ಕೂಡಿಸಿ, ಕಳಚದಂತೆ ಹಿಂಬದಿಯಿಂದ ಒಂದೊಂದು ಪುಟ್ಟ ಸ್ಕ್ರೂ ಹಾಕಿದೆ. ಈ ಪ್ರಕರಣದಲ್ಲಿ ನಾನು ತೆಗೆದುಕೊಂಡ ಒಳ್ಳೆಯ ತೀರ್ಮಾನ ಇದೊಂದೇ ಎಂದರೂ ಸರಿಯೆ. ಮುಂದೆ ನಡೆದದ್ದೆಲ್ಲ ಆ ಬಿಚ್ಚುವ ಸ್ಕ್ರೂಗಳನ್ನು ನೆಚ್ಚಿಕೊಂಡಿತ್ತು.

ಚೆಂಡಿಗಾಗಿ ಚನ್ನಪಟ್ಟಣದವರೆಗೆ

ಏಣಿ ಒಂದು ವಾರದಲ್ಲಿ ನಿಂತಿತು. ಚೆಂಡು ಮೂರು ವಾರ ಆಡಿಸಿತು.

ಮನೆಯಲ್ಲಿ ಇದ್ದದ್ದು ಟೆನಿಸ್ ಚೆಂಡುಗಳು. ಕಾದ ಸ್ಕ್ರೂಡ್ರೈವರಿನಿಂದ ತೂತು ಹೊಡೆದು ನೈಲಾನ್ ಹಗ್ಗ ಪೋಣಿಸಿದೆವು. ಎರಡೇ ದಿನಕ್ಕೆ ಗಂಟು ರಬ್ಬರಿನ ತೂತನ್ನು ಹಿಗ್ಗಿಸಿ ಹೊರಬಂತು. ವಾಷರ್ ಹಾಕಿ ಅದನ್ನು ಸರಿಪಡಿಸಿದರೂ ಆಟ ಕೂಡಲಿಲ್ಲ. ಹಗ್ಗ ಮೆಟ್ಟಿಲಿಗೆ ತಗಲಿ ಸುತ್ತತೊಡಗುತ್ತದೆ, ಅಷ್ಟರಲ್ಲಿ ಚೆಂಡು ಪೈಪಿಗೆ ಬಡಿದು ಪುಟಿದು ಸುತ್ತನ್ನು ಬಿಚ್ಚಿಬಿಡುತ್ತದೆ. ಟೆನಿಸ್ ಚೆಂಡಿನ ತೂಕ 56ರಿಂದ 59 ಗ್ರಾಂ, ಅಮೆರಿಕದಲ್ಲಿ ಈ ಆಟಕ್ಕೆ ಬಳಸುವ ಗಾಲ್ಫ್ ಚೆಂಡಿನದು 46ಕ್ಕೆ ಮೀರುವಂತಿಲ್ಲ. ಆದ್ದರಿಂದ ಕಡಿಮೆ ಬಿದ್ದದ್ದು ತೂಕವಲ್ಲ. ಟೊಳ್ಳು ಚೆಂಡಿನ ಪುಟಿತವೇ ತೊಂದರೆ. ನಾನು ಇದನ್ನು ತರಗತಿಯಲ್ಲಿ ಪಾಠವಾಗಿ ಹೇಳಿದ್ದೇನೆ, ಆದರೂ ಕಣ್ಣಾರೆ ಕಂಡು ಒಪ್ಪಲು ನಾಲ್ಕು ದಿನ ಬೇಕಾಯಿತು.

ಮೈಸೂರಿನಲ್ಲಿ ಗಾಲ್ಫ್ ಆಡುವ ಬಂಧುವೊಬ್ಬರಿಂದ ಹನ್ನೆರಡು ಹಳೆಯ ಚೆಂಡು ಬಂದವು. ಗುಂಡಾದ, ಜಾರುವ, ಗಟ್ಟಿಯಾದ ಆ ವಸ್ತುವನ್ನು ಕೈಯಲ್ಲಿ ಹಿಡಿದು ಕೊರೆಯಲು ಹೋಗಬಾರದು. ಮರದ ತುಂಡಿನಲ್ಲಿ ಚೆಂಡು ಅರ್ಧ ಹೂತು ಕೂರುವಷ್ಟು ಕುಳಿ ಮಾಡಿ, ವೈಸ್‌ನಲ್ಲಿ ಬಿಗಿದು ಕೊರೆಸಿದೆ. ಇವು ಸೊಗಸಾಗಿ ಸುತ್ತಿದವು. ಹುಡುಗ ಕುಣಿದಾಡಿದ. ಮೂರನೆಯ ಸಂಜೆ ಗುರಿ ತಪ್ಪಿದ ಜೋಡಿಯೊಂದು ಏಣಿಯ ಪಕ್ಕದಲ್ಲಿ ನಿಂತಿದ್ದ ಹುಡುಗಿಯ ಕಣಕಾಲಿಗೆ ಬಡಿಯಿತು. ಗಾಯವಾಗಲಿಲ್ಲ, ಊದಿತು. ಅಮ್ಮ ಮರುಮಾತಿಲ್ಲದೆ ಆರು ಜೋಡಿಯನ್ನೂ ಎತ್ತಿ ಅಟ್ಟಕ್ಕೆ ಹಾಕಿಸಿದಳು. 'ಇದು ಕವಣೆ ಕಲ್ಲು, ಮಕ್ಕಳ ಆಟದ ಸಾಮಾನಲ್ಲ' ಎಂದಳು. ಅವಳು ಹುಡುಗಿಯಾಗಿದ್ದಾಗ ರಾಗಿ ಹೊಲದ ಅಟ್ಟಣೆಯ ಮೇಲೆ ನಿಂತು ಕವಣೆ ಬೀಸಿ ಹಕ್ಕಿ ಓಡಿಸಿದವಳು. ಕಲ್ಲು ಏನು ಮಾಡಬಲ್ಲದು ಎಂದು ಅವಳಿಗೆ ಹೇಳಿಕೊಡಬೇಕಾಗಿಲ್ಲ.

ಪುಟಿಯಬಾರದು, ಗಾಯ ಮಾಡಬಾರದು. ಈ ಎರಡು ಮಾತಿಗೂ ಒಪ್ಪುವ ವಸ್ತು ನಮ್ಮಿಂದ ನಲವತ್ತು ಕಿಲೋಮೀಟರ್ ದೂರದಲ್ಲೇ ಇತ್ತು. ಭಾನುವಾರ ರೈಲಿನಲ್ಲಿ ಮಕ್ಕಳನ್ನು ಕರೆದುಕೊಂಡು ಚನ್ನಪಟ್ಟಣಕ್ಕೆ ಹೋದೆ. ಅಲ್ಲಿನ ಗೊಂಬೆಗಳು ಆಲೆ ಮರದವು. ಬಿಳಿ ಬಣ್ಣದ, ಮೆದುವಾದ, ಚೆಕ್ಕೆ ಏಳದ ಮರ. ಚಿಕ್ಕ ಓಣಿಯೊಂದರ ಪಟ್ಟಡೆಯಲ್ಲಿ ವಯಸ್ಸಾದ ಕುಶಲಕರ್ಮಿಯೊಬ್ಬರು ನಮ್ಮ ಮಾತು ಕೇಳಿ ಕೇಳಿದ್ದು ಒಂದೇ ಪ್ರಶ್ನೆ: 'ಎಷ್ಟು ಮಿಲಿಮೀಟರ್?' 45 ಎಂದೆ, ನಡುವೆ 7ರ ತೂತು. ಅವರು ಮರದ ತುಂಡನ್ನು ಲೇತ್‌ಗೆ ಸಿಕ್ಕಿಸಿ, ಉಳಿ ಹಿಡಿದು, ಮೊದಲು ಪೀಪಾಯಿಯಂತೆ, ಆಮೇಲೆ ಮೊಟ್ಟೆಯಂತೆ, ಕೊನೆಗೆ ಚೆಂಡಾಗಿ ತಂದರು. ತಿರುಗುತ್ತಿರುವಾಗಲೇ ಅರಗಿನ ಬಣ್ಣದ ಕಡ್ಡಿಯನ್ನು ಮರಕ್ಕೆ ಒತ್ತಿದರು. ಉಜ್ಜಾಟದ ಬಿಸಿಗೆ ಅರಗು ಕರಗಿ ಮೈಗೆಲ್ಲ ಹರಡಿತು. ಒಣ ಗರಿ ಒತ್ತಿದಾಗ ಹೊಳಪು ಬಂತು. ಹುಡುಗ ಬಾಯಿ ಬಿಟ್ಟು ನೋಡುತ್ತಿದ್ದ. ಬಿಸಿಯಾಗಿದ್ದ ಮೊದಲ ಚೆಂಡನ್ನು ಅವರು ಅವನ ಅಂಗೈಗೇ ಇಟ್ಟರು.

ಅವರು ಎರಡು ಎಚ್ಚರ ಹೇಳಿದರು. ಪೈಪಿಗೆ ಬಡಿದರೆ ಅರಗು ಅಲ್ಲಲ್ಲಿ ಏಳುತ್ತದೆ. ಬಿಸಿಲಿನಲ್ಲಿ ಬಿಟ್ಟರೆ ಮೆತ್ತಗಾಗುತ್ತದೆ. ಎರಡೂ ನಿಜವಾದವು. ಕೆಂಪು ಆರು, ಹಳದಿ ಆರು ಮಾಡಿಸಿ ತಂದೆವು.

ಮನೆಯ ತಕ್ಕಡಿಯಲ್ಲಿ ತೂಗಿದರೆ ಒಂದೊಂದು 33ರಿಂದ 37 ಗ್ರಾಂ. ಕೈಕೆಲಸದಲ್ಲಿ ಇಷ್ಟು ವ್ಯತ್ಯಾಸ ಇದ್ದೇ ಇರುತ್ತದೆ. ಸಮತೂಕದ ಎರಡೆರಡನ್ನು ಆರಿಸಿ ಜೋಡಿ ಮಾಡಿದೆವು, ಏಕೆಂದರೆ ಒಂದು ತುದಿ ಭಾರವಾದರೆ ಗಾಳಿಯಲ್ಲಿ ಜೋಡಿ ಓಲಾಡುತ್ತದೆ. ಹಗ್ಗದ ವಿಷಯದಲ್ಲಿ ಅಮ್ಮನ ಮಾತು ನಡೆಯಿತು. ನೈಲಾನ್ ಜಾರುತ್ತದೆ, ದನ ಕಟ್ಟುವ ಹಗ್ಗಕ್ಕೂ ತಾನು ಅದನ್ನು ಒಪ್ಪಿದವಳಲ್ಲ ಎಂದಳು. ಸಂತೆಯಿಂದ ನೂಲಿನ ಹಗ್ಗ ತರಿಸಿ, ತಾನೇ ಗಂಟು ಹಾಕಿಕೊಟ್ಟಳು. ಅವಳ ಗಂಟು ಈವರೆಗೆ ಒಂದೂ ಬಿಚ್ಚಿಲ್ಲ. ನೂಲಿನ ಹಗ್ಗ ಪೈಪಿನ ಮೈಗೆ ಹಿಡಿದು ನಿಲ್ಲುತ್ತದೆ. ಮಳೆಯಲ್ಲಿ ನೆನೆದರೆ ಕೊಳೆಯುತ್ತದೆ ಎಂಬುದು ನಿಜ, ಒಳಗೆ ತೂಗುಹಾಕುತ್ತೇವೆ.

ಹಗ್ಗದ ಉದ್ದವನ್ನೂ ಬದಲಿಸಿ ನೋಡಿದೆವು. 25 ಸೆಂಟಿಮೀಟರ್ ಇದ್ದಾಗ ಸುತ್ತು ಸಾಲದೆ ಜಾರಿ ಬೀಳುತ್ತಿತ್ತು, 45 ಇದ್ದಾಗ ಗಾಳಿಯಲ್ಲೇ ತೊಡಕಿಕೊಳ್ಳುತ್ತಿತ್ತು. ಮತ್ತೆ 33ಕ್ಕೇ ಬಂದೆವು. 25 ಮಿಲಿಮೀಟರ್ ಪೈಪಿನ ಸುತ್ತಳತೆ ಎಂಟು ಸೆಂಟಿಮೀಟರಿಗೆ ತುಸು ಕಡಿಮೆ. ಹಗ್ಗದ ಅರ್ಧ, ಅಂದರೆ ಹದಿನಾರೂವರೆ, ಅದಕ್ಕೆ ಎರಡು ಸುತ್ತು ಬರುತ್ತದೆ. ಎರಡು ಸುತ್ತು ಬಿದ್ದ ಜೋಡಿ ತಾನಾಗಿ ಬಿಚ್ಚುವುದಿಲ್ಲ.

ಕುರ್ಚಿ, ದೂರ, ಅಂಕ

ಅಮ್ಮ ಮೊದಲ ಸಲ ಎಸೆದದ್ದು ಕೈಯಿರುವ ಕುರ್ಚಿಯಿಂದ. ಮೊಣಕೈ ಕುರ್ಚಿಯ ತೋಳಿಗೆ ತಗಲಿ ಜೋಡಿ ತುಳಸಿಕಟ್ಟೆಯ ಬುಡಕ್ಕೆ ಬಿತ್ತು. ತೋಳಿಲ್ಲದ, ಬೆನ್ನಿರುವ ಊಟದ ಕುರ್ಚಿ ತಂದಿಟ್ಟೆ. ಆಗಲೂ ಹದಿನೈದು ಅಡಿ ಅವಳಿಗೆ ದೂರ. ಅವಳ ಎಸೆತ ಏಣಿಯವರೆಗೆ ಹೋಗುವಷ್ಟರಲ್ಲಿ ಕೆಳಗಿನ ಮೆಟ್ಟಿಲಿಗೆ ಇಳಿದಿರುತ್ತಿತ್ತು. ಒಂದೊಂದೇ ಅಂಕ. ಹುಡುಗ 21 ಮುಗಿಸುವಾಗ ಅವಳು ಆರಲ್ಲೇ ಇರುತ್ತಿದ್ದಳು.

ಕೆಲವು ಮನೆಗಳಲ್ಲಿ ಕೆಳಗಿನ ಮೆಟ್ಟಿಲಿಗೇ 3 ಕೊಡುವ ಪದ್ಧತಿ ಇದೆ. ಹಾಗೆ ತಿರುಗಿಸೋಣ ಎಂದೆ. ಹುಡುಗ ಒಪ್ಪಲಿಲ್ಲ, ಅಮ್ಮನೂ ಒಪ್ಪಲಿಲ್ಲ. 'ನನಗಾಗಿ ಲೆಕ್ಕ ತಿದ್ದಬೇಡ. ಹತ್ತಿರ ಕೂರಿಸು, ಸಾಕು' ಎಂದಳು. ಆ ಮಾತು ನನಗೆ ದೊಡ್ಡದಾಗಿ ಕಂಡಿತು. ಅಂಕ ತಿದ್ದಿದರೆ ಗೆಲುವು ದಾನವಾಗುತ್ತಿತ್ತು. ದೂರ ತಿದ್ದಿದರೆ ಆಟ ಆಟವಾಗಿಯೇ ಉಳಿಯುತ್ತದೆ. ಕುರ್ಚಿಯನ್ನು ಹತ್ತು ಅಡಿಗೆ ತಂದೆವು, ಹುಡುಗಿಗೆ ಎಂಟು ಅಡಿಯಲ್ಲಿ ಗೆರೆ ಹಾಕಿದೆವು. ಹುಡುಗನೂ ನಾನೂ ಹದಿನೈದರಲ್ಲೇ ಉಳಿದೆವು.

ಅಷ್ಟಾದರೂ ಮೇಲಿನ ಮೆಟ್ಟಿಲು ಕೂತವಳ ಕಣ್ಣಿಗೆ ಎತ್ತರ. ಸ್ಕ್ರೂ ಬಿಚ್ಚಿ, ಅವಳು ಗುರಿ ಇಡುವ ಏಣಿಯ ಕೆಳಗಿನ ಎರಡು ನಿಲುಗಾಲು ತುಂಡುಗಳನ್ನು 30ರಿಂದ 20ಕ್ಕೆ ಕೊಯ್ದೆ. ಮೆಟ್ಟಿಲುಗಳ ಅಂತರ ಹಾಗೇ ಇದೆ, ಏಣಿ ಇಡಿಯಾಗಿ ಒಂದು ಗೇಣಿನ ಅರ್ಧದಷ್ಟು ತಗ್ಗಿತು. ಬೂದು ಪೈಪು ಮುಸ್ಸಂಜೆಯಲ್ಲಿ ಅವಳಿಗೆ ಕಾಣುತ್ತಿರಲಿಲ್ಲವಾದ್ದರಿಂದ ಮೆಟ್ಟಿಲುಗಳಿಗೆ ಹಳದಿ, ಬಿಳಿ, ಕೆಂಪು ಬಣ್ಣ ಬಳಿದೆವು. ನೀರಿನಲ್ಲಿ ಕಲಸುವ ಬಣ್ಣ ಬಳಿದರೆ ಪೈಪಿಗೂ ಒಳ್ಳೆಯದು, ಬಿಸಿಲಿಗೆ ಬರಿ ಮೈ ಒಡ್ಡಿದ ಪಿವಿಸಿ ವರ್ಷಗಳಲ್ಲಿ ಪೆಡಸಾಗುತ್ತದೆ.

ಎಸೆಯುವ ವಿಧಾನವನ್ನು ಅವಳೇ ಕಂಡುಕೊಂಡಳು. ಮಕ್ಕಳು ಹಗ್ಗದ ನಡುವನ್ನು ಹಿಡಿದು ಬೀಸುತ್ತಿದ್ದರು. ಎರಡು ಚೆಂಡೂ ಅಕ್ಕಪಕ್ಕ ಹಾರಿ, ಹಗ್ಗ ಮೆಟ್ಟಿಲಿಗೆ ಸಮಾನಾಂತರವಾಗಿ ಬಡಿದು ಬೀಳುತ್ತಿತ್ತು. ಅಮ್ಮ ಒಂದು ಚೆಂಡನ್ನು ಬೆರಳ ತುದಿಯಲ್ಲಿ ಹಿಡಿದು ಮತ್ತೊಂದನ್ನು ಕೆಳಗೆ ತೂಗಲು ಬಿಟ್ಟಳು. ಬಾವಿಯ ಬಿಂದಿಗೆಯ ಹಾಗೆ ಎರಡು ಸಲ ಹಿಂದೆ ಮುಂದೆ ಓಲಾಡಿಸಿ, ಮುಂದೆ ಹೋದಾಗ ಬಿಟ್ಟಳು. ಒಂದು ಚೆಂಡು ಮೆಟ್ಟಿಲಿನ ಮೇಲಿಂದ, ಮತ್ತೊಂದು ಕೆಳಗಿನಿಂದ ಹಾಯ್ದು ಸುತ್ತಿಕೊಂಡವು. ಹುಡುಗ ಓಡಿ ಬಂದು ಅವಳ ಬೆರಳುಗಳನ್ನು ನೋಡಿದ. ಮರುದಿನದಿಂದ ಎಲ್ಲರೂ ಹಾಗೆಯೇ ಎಸೆದೆವು.

ನಿಯಮ ಹೇಳಿಕೊಡುವ ಹೊತ್ತಿಗೆ ಮತ್ತೊಂದು ಸಂಗತಿ ನಡೆಯಿತು. ಸರಿಯಾಗಿ 21 ಬೀಳಬೇಕು, ಹೆಚ್ಚಾದರೆ ಇಲ್ಲ ಎಂದು ಹುಡುಗ ವಿವರಿಸುತ್ತಿದ್ದ. 'ಅಂದರೆ ಕಾಯಿ ಹಣ್ಣಾಗಲಿಲ್ಲ' ಎಂದಳು ಅಮ್ಮ. ಚೌಕಾಬಾರದಲ್ಲೂ ನಡುಮನೆ ಸೇರಲು ಎಷ್ಟು ಬೇಕೋ ಅಷ್ಟೇ ಬೀಳಬೇಕು. ಒಂದೇ ಮೆಟ್ಟಿಲಿನಲ್ಲಿ ಇಬ್ಬರ ಜೋಡಿಯೂ ನೇತಾಡುತ್ತಿದ್ದರೆ ಪರಸ್ಪರ ವಜಾ ಆಗುತ್ತದೆ ಎಂದ. 'ಕಡಿದೆ ಎನ್ನು' ಎಂದಳು. ಅಂದಿನಿಂದ ನಮ್ಮ ಹಿತ್ತಲಿನಲ್ಲಿ ಯಾರೂ ಅಂಕ ಕಳೆಯುವುದಿಲ್ಲ, ಕಡಿಯುತ್ತಾರೆ. ಯಾರೂ 21 ಮುಟ್ಟುವುದಿಲ್ಲ, ಹಣ್ಣಾಗುತ್ತಾರೆ. ಬೋಲಾ ಎಂಬ ಹೆಸರು ಎರಡು ದಿನವೂ ಬಾಳಲಿಲ್ಲ. 'ಜೋಡಿಕಾಯಿ' ಎಂದು ಹುಡುಗಿಯೇ ಕರೆದಳು. ಚೌಕಾಬಾರ ನೆಲದಿಂದ ಎದ್ದು ನಿಂತ ಹಾಗೆ ನನಗೆ ಅನಿಸಿತು. ಜುಲೈ ಕೊನೆಯ ಹೊತ್ತಿಗೆ ಹುಡುಗನೇ ಪಡಸಾಲೆಯ ಹಳೆಯ ಗೆರೆಗಳ ಮುಂದೆ ಕೂತು, ಕಡಿಯದೆ ಒಳಸುತ್ತಿಗೆ ಹೋಗಬಹುದೇ ಎಂದು ಅಜ್ಜಿಯನ್ನು ಕೇಳುತ್ತಿದ್ದ.

ಈಗಿನ ಸ್ಥಿತಿ

ಪೈಪು, ಟೀ, ಸಿಮೆಂಟ್, ಬಣ್ಣ, ಚೆಂಡು, ಹಗ್ಗ ಎಲ್ಲ ಸೇರಿ, ಬದಲಿಸಿದ ತುಂಡುಗಳೂ ಸೇರಿ, ಖರ್ಚು ಎರಡೂವರೆ ಸಾವಿರ ರೂಪಾಯಿ ದಾಟಲಿಲ್ಲ. ಮಕ್ಕಳು ಆಗಸ್ಟ್ ಮೊದಲ ವಾರ ಹೊರಟರು. ಹೋಗುವ ಮುನ್ನ ಹುಡುಗ ಒಂದು ಏಣಿಯ ಮೇಲ್ಭಾಗವನ್ನು ಬಿಚ್ಚಿ, ತಂಗಿ ಬರೆದ ಅಂಕಿಗಳ ಕ್ರಮದಲ್ಲಿ ಅಕ್ಕಿ ಚೀಲಕ್ಕೆ ತುಂಬಿಟ್ಟ. ಮರಳು ತುಂಬಿದ ಪಾದ ಗೋಡೆಗೆ ಒರಗಿ ನಿಂತಿದೆ. ಮತ್ತೊಂದು ಏಣಿ, ಅಮ್ಮನದು, ನುಗ್ಗೆ ಮರದ ಕೆಳಗೆ ಇದ್ದಲ್ಲೇ ಇದೆ.

ಸಂಜೆ ಬಿಸಿಲು ಇಳಿದ ಮೇಲೆ ಅವಳು ಊಟದ ಕುರ್ಚಿಯನ್ನು ತಾನೇ ಹಿತ್ತಲಿಗೆ ತಳ್ಳಿಕೊಂಡು ಹೋಗುತ್ತಾಳೆ. ಆರು ಜೋಡಿ ಎಸೆಯುತ್ತಾಳೆ, ಎದ್ದು ಹೋಗಿ ಬಿಡಿಸಿಕೊಂಡು ಬರುತ್ತಾಳೆ, ಮತ್ತೆ ಕೂತು ಎಸೆಯುತ್ತಾಳೆ. ಭಾನುವಾರ ರಾತ್ರಿ ಅಣ್ಣನ ಮನೆಯಲ್ಲಿ ಬೆಳಗಾಗಿರುತ್ತದೆ. ವಿಡಿಯೋ ಕರೆಯಲ್ಲಿ ಅಜ್ಜಿ ಮೊಮ್ಮಗ ವಾರದ ಅಂಕ ಹೇಳಿಕೊಳ್ಳುತ್ತಾರೆ, ಕಣ್ಣಿಗೆ ಕಾಣದ ಎಸೆತಗಳನ್ನು ಇಬ್ಬರೂ ನಂಬುತ್ತಾರೆ. ಕಳೆದ ಭಾನುವಾರ ಅವನು 20ರಲ್ಲಿ ಸಿಕ್ಕಿಕೊಂಡಿದ್ದ, ಕೆಳಗಿನ ಮೆಟ್ಟಿಲು ಬೇಕೆಂದರೆ ಮೇಲಿನದೇ ಬೀಳುತ್ತಿತ್ತಂತೆ.

ಅಮ್ಮನ ಏಣಿಯ ನಡುಮೆಟ್ಟಿಲಿನ ಎಡಗಡೆಯ ಟೀ ಸ್ಕ್ರೂ ಇದ್ದಲ್ಲಿ ಸಣ್ಣ ಬಿರುಕು ಬಿಟ್ಟಿದೆ. ಶನಿವಾರ ಪೈಪಿನ ತುಂಡೊಂದನ್ನು ಕೈಯಲ್ಲಿ ಹಿಡಿದು ಅಂಗಡಿಗೆ ಹೋಗಬೇಕು.